ದೊರೆಯ ಕೊಲೆ, ಶುಕ್ರವಾರ ಮಧ್ಯಾಹ್ನ

ಶುಕ್ರವಾರದ ಮಧ್ಯಾಹ್ನ ಬಂತೆಂದರೆ ನನಗೆ ತಲೆನೋವು ಶುರುವಾಗುತ್ತಿತ್ತು. ನ್ಯೂಯಾರ್ಕಿನ ಬೆಲ್‌ರೋಸ್‌ನಲ್ಲಿ, ಹಿಲ್‌ಸೈಡ್ ಅವೆನ್ಯೂ ಮೇಲಿನ ದಿನಸಿ ಅಂಗಡಿಯ ಪಕ್ಕದಲ್ಲೇ ನಮ್ಮ ಹಿರಿಯರ ದಿನಕೇಂದ್ರ. ಬೆಳಿಗ್ಗೆ ವ್ಯಾನುಗಳು ಮನೆಮನೆಯಿಂದ ಹಿರಿಯರನ್ನು ತಂದಿಳಿಸುತ್ತವೆ, ಸಂಜೆ ವಾಪಸ್ ಕರೆದೊಯ್ಯುತ್ತವೆ. ನಡುವಿನ ಹೊತ್ತನ್ನು ತುಂಬಿಸುವುದು ನನ್ನ ಕೆಲಸ. ಕುರ್ಚಿ ಯೋಗ, ಹೌಸಿ, ಭಜನೆ, ಹುಟ್ಟುಹಬ್ಬದ ಕೇಕು ಇವೆಲ್ಲ ಹೇಗೋ ಸಾಗುತ್ತವೆ. ಸಾಗದೆ ಇದ್ದದ್ದು ಶುಕ್ರವಾರದ ಸಿನಿಮಾ ಮಾತ್ರ.

ಹಿಂದಿ ಸಿನಿಮಾ ಹಾಕಿದರೆ ಕೇರಳದ ಆಂಟಿಯರು ಗೋಡೆಗೆ ಒರಗಿ ನಿದ್ದೆ ಹೋಗುತ್ತಿದ್ದರು. ಮಲಯಾಳಂ ಹಾಕಿದರೆ ಪಂಜಾಬಿನವರು ಎದ್ದು ಚಹಾ ಯಂತ್ರದ ಕಡೆ ಹೊರಡುತ್ತಿದ್ದರು. ಇಂಗ್ಲಿಷ್ ಹಾಕಿದರೆ ಯಾರಿಗೂ ಬೇಡ. ಕೆಳಗೆ ಬರುವ ಅಕ್ಷರಗಳನ್ನು ಓದುವಷ್ಟು ಕಣ್ಣು ಅಲ್ಲಿ ಯಾರಿಗೂ ಇಲ್ಲ. ಒಂದು ಶುಕ್ರವಾರ ರಿಮೋಟಿಗಾಗಿ ಇಬ್ಬರು ಕೈಕೈ ಹಿಡಿದು ಎಳೆದಾಡಿ, ಒಬ್ಬರ ಕನ್ನಡಕ ಮುರಿಯಿತು. ನಮ್ಮ ಕೇಂದ್ರದ ಮುಖ್ಯಸ್ಥೆ ಮೈಸೂರಿನ ಕಡೆಯವರು, ನಾವೆಲ್ಲ ಮೇಡಂ ಎನ್ನುತ್ತೇವೆ. ಅವರು ನನ್ನನ್ನು ಒಳಗೆ ಕರೆದು, ಎಲ್ಲರಿಗೂ ಅರ್ಥವಾಗುವಂಥದ್ದು ಹಾಕಿ, ಇಲ್ಲವಾದರೆ ಸಿನಿಮಾ ಕ್ಯಾನ್ಸಲ್ ಮಾಡುತ್ತೇನೆ ಎಂದರು. ಸಿನಿಮಾ ಹೋದರೆ ನನ್ನ ಶುಕ್ರವಾರದ ಕೆಲಸವೂ ಹೋಗುತ್ತಿತ್ತು. ಐದು ಭಾಷೆಯವರಿಗೆ ಏಕಕಾಲಕ್ಕೆ ಅರ್ಥವಾಗುವ ಸಿನಿಮಾ ಯಾವುದು ಎಂದು ಅವರೇ ಹೇಳಿದ್ದರೆ ಉಪಕಾರವಾಗುತ್ತಿತ್ತು.

ಹೇಳಿದವರು ಧಾರವಾಡದ ಅಂಕಲ್. ನಿವೃತ್ತ ಎಂಜಿನಿಯರು, ಕೇಂದ್ರದಲ್ಲಿ ನನ್ನೊಂದಿಗೆ ಕನ್ನಡ ಮಾತಾಡುವ ಒಬ್ಬರೇ ಹಿರಿಯರು. ಈ ಕಾರಣಕ್ಕೆ ದಿನವಿಡೀ ನನ್ನ ಬೆನ್ನಿಗೇ ಇರುತ್ತಿದ್ದರು.

"ಮಾತೇ ಇಲ್ಲದ ಸಿನಿಮಾ ಹಾಕ್ರಿ," ಎಂದರು. "ಮಾತಿದ್ರ ಅಲ್ಲೇನ್ರೀ ಜಗಳ?"

ಯಾವುದು ಎಂಬುದನ್ನೂ ಅವರೇ ತೀರ್ಮಾನಿಸಿ ಬಂದಿದ್ದರು. ನೂರು ವರ್ಷಕ್ಕೂ ಹಳೆಯ ಮೂಕಿ ಚಿತ್ರ. ಪ್ರಾಚೀನ ರೋಮಿನ ದೊರೆಯನ್ನು ತುಂಬಿದ ಸಭೆಯಲ್ಲಿ ಅವನ ಆಪ್ತರೇ ಇರಿದು ಕೊಂದ ಕಥೆ. ಹಳೆಯ ಚಿತ್ರಗಳ ಸಂಗ್ರಹಾಲಯವೊಂದರ ಜಾಲತಾಣದಲ್ಲಿ ಪುಕ್ಕಟೆ ಸಿಗುತ್ತಿತ್ತು. ನನಗೂ ಇದು ಕ್ಷೇಮ ಅನ್ನಿಸಿತು. ಎರಡು ಸಾವಿರ ವರ್ಷದ ಹಿಂದೆ, ಬೇರೆ ಯಾವುದೋ ದೇಶದಲ್ಲಿ ನಡೆದ ಕೊಲೆ. ನಮ್ಮಲ್ಲಿ ಯಾರಿಗೂ ಅದರಿಂದ ನೋವಾಗುವುದಿಲ್ಲ ಎಂದುಕೊಂಡೆ.

ಮೊದಲ ತೊಂದರೆ ವೇಗದ್ದು. ನನ್ನ ಲ್ಯಾಪ್‌ಟಾಪಿನಲ್ಲಿ ಹಾಕಿ ನೋಡಿದರೆ ರೋಮಿನ ಹಿರಿಯರೆಲ್ಲ ಇರುವೆಗಳ ಹಾಗೆ ಓಡಾಡುತ್ತಿದ್ದರು. ದೊರೆ ಸಿಂಹಾಸನದ ಮೇಲೆ ಕುಳಿತನೋ ಬಿದ್ದನೋ ತಿಳಿಯುತ್ತಿರಲಿಲ್ಲ. ನ್ಯೂಜೆರ್ಸಿಯ ಮೆಟುಚೆನ್‌ನಲ್ಲಿರುವ ನನ್ನ ತಮ್ಮನಿಗೆ ಫೋನ್ ಮಾಡಿದೆ. ಅವನು ದಿನಾ ಟ್ರೇನಿನಲ್ಲಿ ನ್ಯೂಯಾರ್ಕಿಗೆ ಕಮ್ಯೂಟ್ ಮಾಡುವವನು, ಆ ಹೊತ್ತು ಮಾತ್ರ ಸಿಗುತ್ತಾನೆ, ಸುರಂಗ ಬಂದಾಗಲೆಲ್ಲ ಕಡಿದುಹೋಗುತ್ತಾನೆ. ತುಂಡು ತುಂಡಾಗಿ ಅವನು ವಿವರಿಸಿದ್ದು ಇಷ್ಟು: ಆಗಿನ ಕಾಲದಲ್ಲಿ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ ಹದಿನಾರೋ ಹದಿನೆಂಟೋ ಚಿತ್ರಗಳಂತೆ ಹಿಡಿದದ್ದನ್ನು ಈಗ ಇಪ್ಪತ್ತನಾಲ್ಕರಂತೆ ಓಡಿಸಿದರೆ ಮನುಷ್ಯರು ಹೀಗೆ ಕುಣಿಯುತ್ತಾರೆ. ಓಡಿಸುವ ಪ್ರೋಗ್ರಾಮಿನಲ್ಲಿ ವೇಗವನ್ನು ಮೂರರಲ್ಲಿ ಎರಡು ಪಾಲಿಗೆ ಇಳಿಸಬೇಕು. ಇಳಿಸಿದೆ. ಜನ ಜನರ ಹಾಗೆ ನಡೆದರು. ಆದರೆ ನಡುನಡುವೆ ಬರುವ ಬರಹದ ಹಲಗೆಗಳೂ ನಿಧಾನವಾಗಿ, ಒಂದೊಂದೂ ಎದ್ದು ಹೋಗುವುದನ್ನೇ ಮರೆತಂತೆ ಕೂತುಬಿಟ್ಟವು. ಅವು ಇದ್ದದ್ದು ಇಟಾಲಿಯನ್ ಭಾಷೆಯಲ್ಲಿ.

ಊಟದ ವಿರಾಮಗಳಲ್ಲಿ ಕೂತು ಆ ಹಲಗೆಗಳನ್ನೆಲ್ಲ ಗಿಡ್ಡ ಮಾಡಿದೆ. ಫೋನಿನ ಅನುವಾದದ ನೆರವಿನಿಂದ ಅರ್ಥವನ್ನು ಹಿಂದಿಗೂ ಇಂಗ್ಲಿಷಿಗೂ ತಂದು ಗಟ್ಟಿಯಾಗಿ ಓದಿ ಹೇಳುವುದೆಂದು ಗೊತ್ತುಮಾಡಿಕೊಂಡೆ. ಧಾರವಾಡದ ಅಂಕಲ್ ಪ್ರತಿ ಸಾಲಿಗೂ ತಕರಾರು ತೆಗೆದರು. ಕೊಂದವರನ್ನು ದ್ರೋಹಿಗಳು ಎನ್ನಬಾರದು, ಅವರು ಪ್ರಜಾಪ್ರಭುತ್ವವಾದಿಗಳು ಎಂಬುದು ಅವರ ವಾದ. ಹಲಗೆಯಲ್ಲಿ ದ್ರೋಹಿ ಎಂದೇ ಇದೆ ಎಂದು ನಾನು. ಹಲಗೆ ಬರೆದವನಿಗೆ ಇತಿಹಾಸ ಗೊತ್ತಿಲ್ಲ ಎಂದು ಅವರು.

ಕೇಂದ್ರದ ನರ್ಸಮ್ಮನ ಆಕ್ಷೇಪ ಬೇರೆ. ಕೋಣೆ ಕತ್ತಲೆ ಮಾಡಿದರೆ ಯಾರಾದರೂ ಬಾತ್‌ರೂಮಿಗೆ ಎದ್ದಾಗ ಬೀಳುತ್ತಾರೆ, ಹಳೆಯ ಚಿತ್ರದ ಮಿಣುಕು ಕೆಲವರ ಮಿದುಳಿಗೆ ಆಗುವುದಿಲ್ಲ ಎಂದು ಆಕೆ. ಕೊನೆಗೆ ಅರ್ಧ ದೀಪ ಉರಿಸಿ, ಅರ್ಧ ಪರದೆ ಎಳೆಯುವುದೆಂದು ರಾಜಿಯಾಯಿತು. ಅರ್ಧ ಬೆಳಕಿನಲ್ಲಿ ಅರ್ಧ ಸಿನಿಮಾವೂ ಕಾಣುವುದಿಲ್ಲ ಎಂಬುದು ಯಾರ ಚಿಂತೆಯೂ ಆಗಿರಲಿಲ್ಲ.

ಮೊದಲ ಶುಕ್ರವಾರ ಹಾಕಿದೆ. ಐದು ನಿಮಿಷಕ್ಕೆ ಗಲಾಟೆ. ತೆರೆಯ ಮೇಲಿದ್ದವರೆಲ್ಲ ಒಂದೇ ಥರದ ಬಿಳಿ ಬಟ್ಟೆ ಹೊದ್ದಿದ್ದರು, ದೊರೆ ಯಾರು ಮಂತ್ರಿ ಯಾರು ಎಂದು ಯಾರಿಗೂ ತಿಳಿಯಲಿಲ್ಲ. ಒಬ್ಬ ಗುಜರಾತಿ ಆಂಟಿ ಬಹಳ ಹೊತ್ತು ದೊರೆಯ ಹೆಂಡತಿಯನ್ನೇ ಅವನ ತಾಯಿ ಎಂದುಕೊಂಡು ಅವಳ ಪರ ವಹಿಸಿದ್ದರು. ನಾನು ಚಿತ್ರ ನಿಲ್ಲಿಸಿದೆ. ಒಬ್ಬೊಬ್ಬನ ಮುಖ ಬಂದಾಗಲೂ ನಿಲ್ಲಿಸಿ, ಬೋಳುತಲೆಯವನು ದೊರೆ, ಗುಂಗುರು ಕೂದಲಿನವನು ಅವನ ಪ್ರಾಣಸ್ನೇಹಿತ, ಸಣಕಲು ಕಾಲಿನವನು ಹುಳಿ ಹಿಂಡುವವನು ಎಂದು ಪರಿಚಯ ಮಾಡಿಸಿದೆ. ನಾನು ನಿಲ್ಲಿಸಿದಾಗಲೆಲ್ಲ ಅಂಕಲ್ ಎದ್ದು ಉಪನ್ಯಾಸ ಶುರು ಮಾಡುತ್ತಿದ್ದರು. ಸಂಚುಗಾರರು ದೀಪದ ಸುತ್ತ ಕೂತು ಗುಸುಗುಸು ಮಾಡುವಲ್ಲಿಗೆ ವ್ಯಾನುಗಳು ಬಂದವು.

ಹಾಗಿದ್ದೂ ಸಿನಿಮಾ ಹಿಡಿಸಿತ್ತು. ಆ ವಾರವಿಡೀ ಚಹಾದ ಹೊತ್ತಿಗೆ ಅದೇ ಮಾತು. ಪ್ರಾಣಸ್ನೇಹಿತ ಇರಿಯುತ್ತಾನೋ ಇಲ್ಲವೋ ಎಂದು ಪಂಜಾಬಿಗಳೂ ಮಲಯಾಳಿಗಳೂ ತಮಗೆ ಬಂದ ಹಿಂದಿಯಲ್ಲಿ ವಾದ ಹೂಡಿದರು. ರಿಮೋಟಿಗೆ ಕಿತ್ತಾಡಿದ್ದ ಇಬ್ಬರೂ ಒಂದೇ ಪಕ್ಷದಲ್ಲಿದ್ದರು. ಮೇಡಂ ಬಂದು ನೋಡಿ, "ಪರವಾಗಿಲ್ವೇ," ಎಂದರು. ಅವರ ಬಾಯಿಂದ ಅಷ್ಟು ಬಂದದ್ದೇ ಹೆಚ್ಚು.

ಈ ವಾದದಲ್ಲಿ ಸೇರದೆ ಇದ್ದವರು ಸರ್ದಾರ್‌ಜಿ ಒಬ್ಬರೇ. ದೆಹಲಿಯಲ್ಲಿ ಟೆಂಪೋ ಓಡಿಸುತ್ತಿದ್ದವರು, ಆಮೇಲೆ ಇಲ್ಲಿ ಬಹಳ ವರ್ಷ ಟ್ಯಾಕ್ಸಿ ಓಡಿಸಿದ್ದರು. ಈಗ ನೆನಪು ಅಲ್ಲಲ್ಲಿ ಕೈಕೊಡುತ್ತಿದ್ದುದರಿಂದ ಮಗ ನಮ್ಮಲ್ಲಿಗೆ ಸೇರಿಸಿದ್ದ. ನೆನಪು ಕೈಕೊಡುವವರ ಬಗ್ಗೆ ನಮ್ಮಲ್ಲಿ ಒಂದು ಅಭ್ಯಾಸ ಬೆಳೆದಿದೆ, ಅವರ ಎದುರೇ ಅವರ ಬಗ್ಗೆ ಬೇರೆಯವರೊಂದಿಗೆ ಮಾತಾಡುವುದು. ಅವರಿಗೆ ಸಕ್ಕರೆ ಹಾಕಬಹುದಾ ಎಂದು ಅವರನ್ನು ಬಿಟ್ಟು ಪಕ್ಕದವರನ್ನು ಕೇಳುತ್ತೇವೆ. ನಾನೂ ಹಾಗೇ ಮಾಡುತ್ತಿದ್ದೆ.

ಎರಡನೆಯ ಶುಕ್ರವಾರ ಕೊಲೆ. ಹೆಂಡತಿ ಕೆಟ್ಟ ಕನಸು ಕಂಡು ದೊರೆಯನ್ನು ತಡೆಯುತ್ತಾಳೆ, ಅವನು ಕೇಳುವುದಿಲ್ಲ. ಆಂಟಿಯರೆಲ್ಲ ಒಟ್ಟಾಗಿ ನಾಲಿಗೆ ಲೊಚಗುಟ್ಟಿದರು. ಸಭೆಯಲ್ಲಿ ಒಬ್ಬೊಬ್ಬರೂ ಬಂದು ಇರಿದರು, ಕೊನೆಗೆ ಪ್ರಾಣಸ್ನೇಹಿತನೂ ಇರಿದ. ನಾನು ಅಂಜಿದ್ದು ಈ ದೃಶ್ಯಕ್ಕೆ. ಆದರೆ ಹಳೆಯ ಚಿತ್ರದಲ್ಲಿ ರಕ್ತ ಕಾಣುವುದಿಲ್ಲ, ಬಟ್ಟೆ ಅಲ್ಲಾಡುತ್ತದೆ ಅಷ್ಟೆ. ಸರ್ದಾರ್‌ಜಿ ಬಿಸ್ಕತ್ತನ್ನು ಚಹಾದಲ್ಲಿ ಅದ್ದಿ ತಿನ್ನುತ್ತ ಅದನ್ನು ನೋಡಿದರು.

ಆಮೇಲೆ ತೆರೆ ಕೆಂಪಾಯಿತು. ಆ ಕಾಲದಲ್ಲಿ ಕಪ್ಪುಬಿಳುಪಿನ ಸುರುಳಿಯನ್ನೇ ಬಣ್ಣದ ನೀರಿನಲ್ಲಿ ಅದ್ದುತ್ತಿದ್ದರಂತೆ, ರಾತ್ರಿಗೆ ನೀಲಿ, ಮನೆಯೊಳಗಿನದಕ್ಕೆ ಜೇನಿನ ಬಣ್ಣ, ಬೆಂಕಿಗೆ ಕೆಂಪು. ದೊರೆಯ ಹೆಣ ನೋಡಿ ಕೆರಳಿದ ಜನ ಪಂಜು ಹಿಡಿದು ಬೀದಿಗಿಳಿಯುವ ಭಾಗ ಪೂರಾ ಕೆಂಪು. ಅರ್ಧ ದೀಪದ ನಮ್ಮ ಕೋಣೆಯ ಗೋಡೆ, ಜನರ ಮುಖ, ಎಲ್ಲದರ ಮೇಲೂ ಆ ಕೆಂಪು ಬಿತ್ತು. ಜನ ಒಂದು ಬಾಗಿಲು ಒಡೆದು ಇನ್ನೊಂದಕ್ಕೆ ಹೋಗುತ್ತಿದ್ದರು. ನಾನು ಹಲಗೆ ಓದಲು ಬಾಯಿ ತೆರೆದಿದ್ದೆ, ಅಷ್ಟರಲ್ಲಿ ಸರ್ದಾರ್‌ಜಿ ಎದ್ದರು. ಆತುರವಿಲ್ಲದೆ ನಡೆದು ಹೋಗಿ ದೀಪ ಆರಿಸಿದರು, ಕಿಟಕಿಯ ಪರದೆಗಳನ್ನು ಪೂರ್ತಿ ಎಳೆದರು. ಒಂದು ಕುರ್ಚಿ ಎಳೆದು ಬಾಗಿಲಿಗೆ ಅಡ್ಡ ಇಟ್ಟರು, ಅದರ ಮೇಲೆ ಇನ್ನೊಂದು. ಪಕ್ಕದಲ್ಲಿದ್ದ ಗುಜರಾತಿ ಆಂಟಿಯ ತಲೆ ಹಿಡಿದು ಬಗ್ಗಿಸಿ, ಮಾತಾಡಬೇಡಿ, ಯಾರೂ ಮಾತಾಡಬೇಡಿ ಎಂದು ಹಿಂದಿಯಲ್ಲಿ ಪಿಸುಗುಟ್ಟಿದರು. ಆಂಟಿ ಚೀರಿದರು. ನರ್ಸಮ್ಮ ಆಚೆಯಿಂದ ಬಾಗಿಲು ತಳ್ಳಿದಳು. ತಳ್ಳಿದಷ್ಟೂ ಸರ್ದಾರ್‌ಜಿ ತಮ್ಮ ಇಡೀ ಭಾರ ಹಾಕಿ ಅದನ್ನು ಒತ್ತಿ ಹಿಡಿದರು.

ನಾನು ಲ್ಯಾಪ್‌ಟಾಪ್ ಮುಚ್ಚಿ ದೀಪ ಹಾಕಿದೆ. ಬಹಳ ಹೊತ್ತಿನ ಮೇಲೆ ಅವರು ಬಾಗಿಲು ಬಿಟ್ಟರು. ನನ್ನ ಕಡೆ ನೋಡಿ, ಹೋದರಾ ಎಂದು ಕೇಳಿದರು. ಹೋದರು ಎಂದೆ.

ಆಮೇಲಿನದು ನನ್ನ ಸಹನೆ ಕೆಡಿಸಿದ ವಾರ. ನರ್ಸಮ್ಮ, ನಾನು ಹೇಳಿರಲಿಲ್ಲವೇ ಎಂದಳು. ಆಕೆ ಹೇಳಿದ್ದು ಮಿಣುಕಿನ ಬಗ್ಗೆ, ಇದು ಬೇರೆ ಎಂದರೆ ಒಪ್ಪಲಿಲ್ಲ. ಸರ್ದಾರ್‌ಜಿಯ ಮಗ ಬಂದು ಮೇಡಂ ಮುಂದೆ ಇಂಗ್ಲಿಷಿನಲ್ಲಿ ಮಾತಾಡಿದ. ಕೂಗಾಡಲಿಲ್ಲ, ಕೂಗಾಡಿದ್ದರೆ ವಾಸಿಯಿತ್ತು. ಎಂಬತ್ತನಾಲ್ಕರಲ್ಲಿ, ದೆಹಲಿಯಲ್ಲಿ ಪ್ರಧಾನಿಯ ಹತ್ಯೆಯಾದ ಮೇಲೆ ಸಿಖ್ಖರ ಮನೆಗಳಿಗೆ ಜನ ನುಗ್ಗಿದ ಆ ದಿನಗಳಲ್ಲಿ ತಾನಿನ್ನೂ ಹುಟ್ಟಿರಲಿಲ್ಲ, ತಂದೆ ಅದರ ಬಗ್ಗೆ ಮನೆಯಲ್ಲಿ ಒಂದು ಮಾತೂ ಆಡಿದವರಲ್ಲ, ದಯವಿಟ್ಟು ಅವರನ್ನು ಇಂಥದ್ದರಿಂದ ದೂರ ಇಡಿ ಎಂದ. ಸರ್ದಾರ್‌ಜಿ ಅದೇ ಕೋಣೆಯಲ್ಲಿ, ಮಗನ ಪಕ್ಕದ ಕುರ್ಚಿಯಲ್ಲಿ ಕೂತಿದ್ದರು. ಅವರನ್ನು ಯಾರೂ ಏನೂ ಕೇಳಲಿಲ್ಲ.

ಸಿನಿಮಾ ನಿಂತೇ ಹೋಯಿತು ಎಂದುಕೊಂಡರೆ, ಮಿಕ್ಕವರು ಬಿಡಲಿಲ್ಲ. ಕೊಂದವರಿಗೆ ಏನಾಯಿತು, ಯಾರು ಪಟ್ಟಕ್ಕೆ ಬಂದರು ಎಂದು ಆಂಟಿಯರು ಮೇಡಂ ಕೋಣೆಗೇ ಸಾಲುಗಟ್ಟಿ ಹೋದರು. ಮೇಡಂ ಸಿಟ್ಟು ನನ್ನ ಮೇಲೆ ತಿರುಗಿತು.

"ಆ ಗಲಾಟೆ ಪಾರ್ಟ್ ಕಟ್ ಮಾಡಿ ತೋರಿಸಿಬಿಡಿ," ಎಂದರು. "ಕೊಲೆ ಆಗುತ್ತೆ, ಹೊಸ ರಾಜ ಬರ್ತಾನೆ. ಕಥೆ ಅಷ್ಟೇ ತಾನೇ? ಲಯಬಿಲಿಟಿ ಅಂತ ಒಂದಿದೆ, ಏನಾದ್ರೂ ಆದ್ರೆ ನಾನೇ ಹೊಣೆ, ಅರ್ಥ ಮಾಡ್ಕೊಳ್ಳಿ."

ಕತ್ತರಿಸುವುದು ಬಹಳ ಸುಲಭವಾಗಿತ್ತು. ಕೊಲೆಯ ದೃಶ್ಯ ಜೇನಿನ ಬಣ್ಣ, ಹೊಸ ದೊರೆಯ ಪಟ್ಟಾಭಿಷೇಕವೂ ಜೇನಿನ ಬಣ್ಣ. ನಡುವಿನ ಕೆಂಪನ್ನೂ ಯುದ್ಧದ ತುಣುಕುಗಳನ್ನೂ ಎತ್ತಿ, ಎರಡು ತುದಿ ಕೂಡಿಸಿದೆ. ಎಲ್ಲಿ ಕೂಡಿಸಿದೆ ಎಂದು ನನಗೇ ಗೊತ್ತಾಗದಷ್ಟು ನಯವಾಗಿ ಕೂಡಿತು. ಧಾರವಾಡದ ಅಂಕಲ್ ಮಾತ್ರ, "ಇದು ಸಿನಿಮಾ ಅಲ್ರೀ, ಪಾಠದ ಪುಸ್ತಕ ಆತು," ಎಂದರು. ನನಗೆ ಅವರ ಮೇಲೂ ರೇಗಿತು. ಈ ಇಡೀ ರಗಳೆಯ ಮೂಲ ಅವರೇ.

ಮೂರನೆಯ ಶುಕ್ರವಾರ ಸರ್ದಾರ್‌ಜಿಯನ್ನು ಇನ್ನೊಂದು ಕೋಣೆಯಲ್ಲಿ ಚೆಂಡಿನ ವ್ಯಾಯಾಮಕ್ಕೆ ಕೂಡಿಸುವುದೆಂದು ಗೊತ್ತಾಗಿತ್ತು. ಚಿತ್ರ ಶುರುವಾಗಿ ಸ್ವಲ್ಪ ಹೊತ್ತಿಗೆ ಬಾಗಿಲು ತೆರೆದುಕೊಂಡು ತಾವೇ ಬಂದರು, ಎಂದಿನ ಜಾಗದಲ್ಲಿ ಕೂತರು. ಹೊರಗೆ ಕರೆದೊಯ್ಯೋಣವೆಂದರೆ ಎಲ್ಲರ ಮುಂದೆ ತೋಳು ಹಿಡಿದು ಎಬ್ಬಿಸಬೇಕು. ಕತ್ತರಿಸಿದ್ದೇನಲ್ಲ ಎಂದು ಸುಮ್ಮನಾದೆ.

ದೊರೆ ಬಿದ್ದ. ಮರುಕ್ಷಣ ತುತ್ತೂರಿ ಹಿಡಿದವರು ಬಂದರು, ಹೊಸ ದೊರೆ ಮೆಟ್ಟಿಲು ಹತ್ತಿದ, ಜನ ಕೈ ಎತ್ತಿದರು. ಆಂಟಿಯರು, ಇಷ್ಟು ಬೇಗವೇ ಎಂದು ಮುಖ ನೋಡಿಕೊಂಡರು. ಸರ್ದಾರ್‌ಜಿ ಎದ್ದು ನನ್ನ ಹತ್ತಿರ ಬಂದರು. ಹಿಂದಿಯಲ್ಲಿ, ತುಂಬ ಶಾಂತವಾಗಿ ಕೇಳಿದರು.

"ಕೆಂಪು ಎಲ್ಲಿ?"

ನಾನು ಏನೋ ತೊದಲಿದೆ, ಆ ಭಾಗ ಸರಿಯಿರಲಿಲ್ಲ, ಹಾಳಾಗಿತ್ತು ಎಂದೆ.

"ಹಾಳಾಗಿರಲಿಲ್ಲ. ನಾನು ನೋಡಿದೆನಲ್ಲ," ಎಂದರು. "ಇವನು ಸತ್ತ, ಇವನು ಬಂದ. ನಡುವೆ ಏನೂ ಆಗಲಿಲ್ಲವೇ?"

ಅಷ್ಟು ದಿನ ಎಲ್ಲರ ಮೇಲೂ ಕೂಡಿಟ್ಟುಕೊಂಡಿದ್ದ ಸಿಟ್ಟು, ಮೇಡಂ ಮೇಲಿನದು, ನರ್ಸಮ್ಮನ ಮೇಲಿನದು, ಅಂಕಲ್ ಮೇಲಿನದು, ಒಮ್ಮೆಗೇ ತಿರುಗಿ ಆ ನಯವಾದ ಜೋಡಣೆಯ ಮೇಲೆ ಹೋಗಿ ನಿಂತಿತು. ಪೂರ್ತಿ ಚಿತ್ರ ಲ್ಯಾಪ್‌ಟಾಪಿನಲ್ಲೇ ಇತ್ತು. ಮೇಡಂ ಅನುಮತಿ ಕೇಳಲು ಹೋದರೆ ಸಿಗುವುದಿಲ್ಲ. ಮಗನಿಗೆ ಫೋನ್ ಮಾಡಿದರೂ ಸಿಗುವುದಿಲ್ಲ. ಕೇಳಬೇಕಾದವರು ಎದುರಿಗೇ ನಿಂತಿದ್ದರು. ನೋಡುತ್ತೀರಾ ಎಂದು ಕೇಳಿದೆ. ಹೋದ ಸಲ ಏನಾಯಿತು ಎಂದು ನೆನಪಿದೆಯೇ ಎಂದೂ ಕೇಳಿದೆ.

ನೆನಪಿದೆ ಎಂದರು. ದೀಪ ಪೂರ್ತಿ ಹಾಕಿ, ಬಾಗಿಲು ತೆಗೆದಿಡಿ, ನಾನು ಬಾಗಿಲ ಹತ್ತಿರ ಕೂರುತ್ತೇನೆ ಎಂದರು.

ದೀಪ ಹಾಕಿದೆ, ಪರದೆ ಸರಿಸಿದೆ. ಬಾಗಿಲಿಗೆ ಒಂದು ಕುರ್ಚಿ ತಾಗಿಸಿ ತೆರೆದೇ ಇಟ್ಟೆ. ಕೆಂಪಿನಿಂದ ಶುರು ಮಾಡಿದೆ. ಅಷ್ಟು ಬೆಳಕಿನಲ್ಲಿ ಅದು ಬರೀ ಗುಲಾಬಿ ಬಣ್ಣಕ್ಕೆ ಕಂಡಿತು. ಜನ ಪಂಜು ಹಿಡಿದು ಓಡಿದರು, ಬಾಗಿಲು ಒಡೆದರು. ಗುಜರಾತಿ ಆಂಟಿ ಎದ್ದು ಹೋಗಿ, ತಮ್ಮ ತಲೆ ಬಗ್ಗಿಸಿದ್ದ ಆ ಮನುಷ್ಯನ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡರು. ಮೇಡಂ ಕಾರಿಡಾರಿನಲ್ಲಿ ಬರುವುದು ಕಾಣಿಸಿತು. ಬಾಗಿಲಲ್ಲಿ ನಿಂತರು, ನನ್ನನ್ನು ನೋಡಿದರು. ನಾನು ನಿಲ್ಲಿಸಲಿಲ್ಲ.

ಒಂದು ಕಡೆ, ಮಹಡಿಯ ಕಿಟಕಿಯಲ್ಲಿ ಒಬ್ಬ ಹೆಂಗಸು ಕೆಳಗಿನ ಗುಂಪನ್ನು ನೋಡಿ ಕದ ಎಳೆದುಕೊಳ್ಳುತ್ತಾಳೆ. ಎರಡು ಸೆಕೆಂಡಿನ ದೃಶ್ಯ. ಸರ್ದಾರ್‌ಜಿ ಕೈ ಎತ್ತಿ ನಿಲ್ಲಿಸಲು ಹೇಳಿದರು.

"ಈ ಮನೆಯವರು ಆಮೇಲೆ ಬರುತ್ತಾರಾ?"

ನಾನು ಅಷ್ಟು ಸಲ ಕತ್ತರಿಸಿ ಜೋಡಿಸಿ ನೋಡಿದ್ದೆ, ಬರುವುದಿಲ್ಲ ಎಂದು ಗೊತ್ತಿತ್ತು. ಆದರೂ ಅಂಕಲ್ ಕಡೆ ನೋಡಿದೆ. ಎಲ್ಲಕ್ಕೂ ಉತ್ತರವಿದ್ದ ಮನುಷ್ಯ ತಲೆ ಅಲ್ಲಾಡಿಸಿದರು. "ಇಲ್ರೀ," ಎಂದು ನನಗೆ ಮಾತ್ರ ಕೇಳುವಂತೆ ಅಂದರು. "ಆ ಮಂದಿ ಮತ್ತ ಬರೂದಿಲ್ಲ."

ಬರುವುದಿಲ್ಲ ಎಂದು ನಾನು ಹಿಂದಿಯಲ್ಲಿ ಹೇಳಿದೆ.

ಸರ್ದಾರ್‌ಜಿ ತೆರೆಯನ್ನೇ ನೋಡುತ್ತ ಮಾತಾಡತೊಡಗಿದರು. ದೆಹಲಿಯಲ್ಲಿ ತಮ್ಮ ಪಕ್ಕದ ಮನೆಯವಳು ಕಿಟಕಿ ಮುಚ್ಚಲಿಲ್ಲ ಎಂದರು. ತಮ್ಮನ್ನೂ ತಮ್ಮ ಹೆಂಡತಿಯನ್ನೂ ಅವಳು ಮಂಚದ ಕೆಳಗಿನ ಪೆಟ್ಟಿಗೆಯಲ್ಲಿ, ಚಳಿಗಾಲದ ರಜಾಯಿಗಳ ನಡುವೆ ಮಲಗಿಸಿ ಮುಚ್ಚಳ ಹಾಕಿದಳು. ಹೋಗಿ ಕಿಟಕಿಯಲ್ಲಿ ನಿಂತು ಕೆಳಗಿನವರೊಂದಿಗೆ ಜಗಳಕ್ಕೆ ಬಿದ್ದಳು. ನಲ್ಲಿಯ ನೀರಿಗೆ ಜಗಳ ಮಾಡುವ ಅದೇ ದನಿ, ಅವರಿಗೆ ಪೆಟ್ಟಿಗೆಯೊಳಗೂ ಕೇಳುತ್ತಿತ್ತಂತೆ. ತಮ್ಮ ಒಡಹುಟ್ಟಿದವನು ಬೇರೆ ಬೀದಿಯಲ್ಲಿದ್ದ ಎಂದರು. ಅಲ್ಲಿ ಕಿಟಕಿಗಳೆಲ್ಲ ಮುಚ್ಚಿದ್ದವು.

ಗುಜರಾತಿ ಆಂಟಿ, ಆ ಪಕ್ಕದ ಮನೆಯವಳ ಹೆಸರೇನು ಎಂದು ಕೇಳಿದರು. ಸರ್ದಾರ್‌ಜಿ ಬಹಳ ಹೊತ್ತು ಹುಡುಕಿದರು. ಬರಲಿಲ್ಲ. ಪರವಾಗಿಲ್ಲ, ನೆನಪಾದಾಗ ಹೇಳಿ ಎಂದು ಆಂಟಿ ಅವರ ಮೊಣಕೈ ಮುಟ್ಟಿದರು. ಮೇಡಂ ಬಾಗಿಲಿಗೆ ತಾಗಿಸಿಟ್ಟಿದ್ದ ಕುರ್ಚಿಯ ಮೇಲೆಯೇ ಕೂತುಬಿಟ್ಟಿದ್ದರು. ಮುಂದೆ ಹಾಕಿ ಎಂದು ಸರ್ದಾರ್‌ಜಿ ನನಗೆ ಸನ್ನೆ ಮಾಡಿದರು. ಹಾಕಿದೆ. ಯುದ್ಧವಾಯಿತು, ಕೊಂದವರು ಸತ್ತರು, ಹೊಸ ದೊರೆ ಮೆಟ್ಟಿಲು ಹತ್ತಿದ. ಅಷ್ಟರಲ್ಲಿ ಎಲ್ಲರ ಕುರ್ಚಿಗಳೂ ಬಾಗಿಲ ಕಡೆ ತಿರುಗಿದ್ದವು. ವಾರವಿಡೀ ನನ್ನ ಜೀವ ಹಿಂಡಿ ಕೇಳಿದ್ದ ಆ ಪಟ್ಟಾಭಿಷೇಕವನ್ನು ಈ ಸಲ ಒಬ್ಬರೂ ನೋಡಲಿಲ್ಲ.

ವ್ಯಾನುಗಳು ಬಂದು ಹೋದ ಮೇಲೆ ಮೇಡಂ ನನ್ನನ್ನು ಕೂರಿಸಿಕೊಂಡು, ನಿಯಮ ಮುರಿದದ್ದಕ್ಕೆ ಲಿಖಿತ ಎಚ್ಚರಿಕೆ ಕೊಡಲೇಬೇಕಾಗುತ್ತದೆ ಎಂದರು. ಕೊಡಿ ಎಂದೆ. ಸರ್ದಾರ್‌ಜಿಯ ಮಗನಿಗೆ ನಾನೇ ಫೋನ್ ಮಾಡಿ ಹೇಳಿದ್ದೇನೆ ಎಂದೂ ಹೇಳಿದರು, ಏನು ಹೇಳಿದರೋ ನನಗೆ ತಿಳಿಯದು. ಅವನು ಆ ದಿನ ತಂದೆಯನ್ನು ವ್ಯಾನಿನಲ್ಲಿ ಕಳಿಸಬೇಡಿ ಎಂದು ಹೇಳಿ, ಕರೆದೊಯ್ಯಲು ತಾನೇ ಬಂದ. ಮುಖ ಗಂಟು ಹಾಕಿಕೊಂಡಿದ್ದ. ನಮ್ಮ ತಂದೆ ನಿಮಗೆ ಏನು ಹೇಳಿದರು ಎಂದು ನನ್ನನ್ನು ಇಂಗ್ಲಿಷಿನಲ್ಲಿ ಕೇಳಿದ. ಸರ್ದಾರ್‌ಜಿ ಕೋಟಿನ ಗುಂಡಿ ಹಾಕಿಕೊಳ್ಳುತ್ತ ಅವನ ಪಕ್ಕದಲ್ಲೇ ಇದ್ದರು. ಅವರನ್ನೇ ಕೇಳು ಎಂದೆ.

ಎಲ್ಲರೂ ಹೋದರು. ಕೊನೆಗೆ ಬೀಗ ಹಾಕುವ ಸರದಿ ನನ್ನದು. ಹೊರಗೆ ಬಂದು ನೋಡಿದರೆ ಪಾರ್ಕಿಂಗ್‌ನಲ್ಲಿ ಅವರ ಕಾರು ಹಾಗೇ ನಿಂತಿತ್ತು, ಎಂಜಿನ್ ಓಡುತ್ತಿತ್ತು. ಕಾರು ಹೋಗದೆ ನಾನು ಗೇಟಿಗೆ ಸರಪಳಿ ಹಾಕುವಂತಿಲ್ಲ. ಬಸ್ಸಿನ ಹೊತ್ತಾಗಿತ್ತು, ಚಳಿ ಬೇರೆ. ಹತ್ತಿರ ಹೋಗಿ ಗಾಜು ತಟ್ಟೋಣವೆಂದು ಎರಡು ಹೆಜ್ಜೆ ಹಾಕಿದೆ. ಒಳಗಿನ ಸಣ್ಣ ದೀಪದಲ್ಲಿ ಸರ್ದಾರ್‌ಜಿಯ ಕೈಗಳು ಕಂಡವು. ಒಂದರ ಮೇಲೊಂದು ಅಂಗೈ ಇಟ್ಟು, ಮುಚ್ಚಳ ಮುಚ್ಚುವ ಹಾಗೆ ಒತ್ತಿ ತೋರಿಸುತ್ತಿದ್ದರು. ಮಗ ಸ್ಟಿಯರಿಂಗಿನ ಮೇಲೆ ಹಣೆ ಇಟ್ಟಿದ್ದ.

ನಾನು ವಾಪಸ್ ಬಂದು ಬೀಗ ತೆಗೆದೆ, ಕೋಣೆಯ ದೀಪ ಹಾಕಿ ಚಹಾಕ್ಕೆ ನೀರಿಟ್ಟೆ.